ಒನೆಸಿಮನ ಮಂಡಿ, ಇಗರ್ಜಿಯ ಗಂಟೆ

ಸೇಂಟ್-ಎಲ್ಫೆಜ್ ಊರಿನ ಐಸ್ ಹಾಕಿ ತಂಡದಲ್ಲಿ ಒನೆಸಿಮ್ ಲಾರಿವೆ ಗೋಲು ಕಾಯಲು ನಿಂತದ್ದು ಆಟ ಬರುತ್ತಿತ್ತೆಂದಲ್ಲ, ಐಸಿನ ಮೇಲೆ ಓಡಲು ಬರುತ್ತಿರಲಿಲ್ಲವೆಂದು. ಇಗರ್ಜಿಯ ಗಂಟೆ ಹೊಡೆಯುವುದು ಅವನ ಕೆಲಸ. ಗೋಲಿನ ಮುಕ್ಕಾಲು ಪಾಲನ್ನು ಅವನ ಹೊಟ್ಟೆಯೇ ಮುಚ್ಚುತ್ತಿತ್ತು. ಕಾಲಿಗೆ ಹಳೆಯ ದಿಂಬು ಕಟ್ಟಿಕೊಂಡು ಅಲ್ಲಿ ನಿಲ್ಲುವುದಕ್ಕಿಂತ ದೊಡ್ಡ ಸುಖ ಆ ಬಡಪಾಯಿಗೆ ಬೇರೆ ಇರಲಿಲ್ಲ.

ತೊಂದರೆ ಒಂದೇ. ಆ ಕಾಲದಲ್ಲಿ ಗೋಲಿ, ಅಂದರೆ ಗೋಲು ಕಾಯುವವನು, ನಿಂತೇ ಆಡಬೇಕು. ಬಿದ್ದರೂ ಮಂಡಿಯೂರಿದರೂ ರೆಫರಿ ಹೊರಗೆ ಕಳಿಸುತ್ತಿದ್ದ; ವಾಪಸು ಬರುವ ತನಕ ಗೋಲು ಬಾಗಿಲಿಲ್ಲದ ಮನೆ. ನಮ್ಮ ಒನೆಸಿಮನೋ, ಚೆಂಡಿನ ಬದಲು ಆಡುವ ರಬ್ಬರ್ ಬಿಲ್ಲೆ ಹತ್ತಿರ ಬಂದರೆ ಸಾಕು, ದೊಪ್ಪೆಂದು ಬೀಳುವವನು.

"ಲೋ ಡುಮ್ಮಾ, ಇವತ್ತು ಸ್ಕಾಚರ ಎದುರು ಬಿದ್ಯೋ, ನಾಳೆಯಿಂದ ನಿನ್ ಭಾವಮೈದ ನಿಲ್ತಾನೆ," ಎಂದ ತಂಡದ ನಾಯಕ, ಕಮ್ಮಾರ ಟೆಲೆಸ್ಫೋರ್. ಸ್ಕಾಚರೆಂದರೆ ನೆರೆಯೂರಿನ ಸ್ಕಾಟ್ಲೆಂಡ್ ಮೂಲದವರು.

"ಅವನಿಗೆ ಕಣ್ಣೇ ಕಾಣಲ್ವಲ್ಲೋ!"

"ನಿಂತ್ಕೊಳ್ಳೋಕಾದ್ರೂ ಬರುತ್ತೆ."

ಪಂದ್ಯದ ದಿನಗಳಲ್ಲಿ ಸಂಜೆ ಪ್ರಾರ್ಥನೆಯ ಗಂಟೆ ಹೊಡೆಯುವವಳು ಅವನ ಹೆಂಡತಿ ಫಿಲೊಮೆನ್. ಆಟ ನಡೆಯುತ್ತಿದ್ದ, ಹೆಪ್ಪುಗಟ್ಟಿದ ಹೊಳೆ ಇಗರ್ಜಿಯ ಗೋಪುರದ ಕೆಳಗೇ ಇತ್ತು. ಅವಳು ಮೇಲಿನಿಂದ ನೋಡುತ್ತಿದ್ದಳು.

ನಮ್ಮವರು ಒಂದು ಗೋಲು ಮುಂದಿದ್ದರು. ಆಟ ಮುಗಿಯಲು ಬಂದಿತ್ತು. ಸ್ಕಾಚರ ಕೆಂಪು ಕೂದಲಿನವನೊಬ್ಬ ಬಿಲ್ಲೆ ತಳ್ಳಿಕೊಂಡು ಒಬ್ಬನೇ ನುಗ್ಗಿ ಬಂದ. ಒನೆಸಿಮ್ ಆಗಲೇ ಮುಂದಕ್ಕೆ ವಾಲತೊಡಗಿದ. ಅಷ್ಟರಲ್ಲಿ ಢಣ್ ಢಣ್ ಎಂದು ಗಂಟೆ! ಪ್ರಾರ್ಥನೆಯ ಗಂಟೆ ಕೇಳಿದಲ್ಲೇ ಮಂಡಿಯೂರುವ ಅಭ್ಯಾಸಬಲ ನೋಡಿ, ಆಟ ನೋಡಲು ನೆರೆದಿದ್ದ ಊರಿಗೆ ಊರೇ ಮಂಡಿಯೂರಿತು, ತಂಡವೂ ಊರಿತು, ಒನೆಸಿಮನೂ ಊರಿದ. ಬಿಲ್ಲೆ ಅವನ ಹೊಟ್ಟೆಗೆ ಬಡಿದು ಅಲ್ಲೇ ಉಳಿಯಿತು.

"ಮಂಡಿ ಊರಿದಾನೆ, ಆಚೆ ನಡಿ!" ಎಂದು ರೆಫರಿ ಸೀಟಿ ಊದಿದ. ಅವನು ಸ್ಕಾಚರವನೇ.

"ದೇವರಿಗೆ ಕೈ ಮುಗಿದ್ರೆ ಶಿಕ್ಷೆ ಕೊಡ್ತೀರೇನ್ರೀ?" ಎಂದರು ಪಾದ್ರಿ ಸಿಪ್ರಿಯನ್, ಮಂಡಿಯ ಮೇಲಿಂದಲೇ.

ರೆಫರಿ ಸುತ್ತ ನೋಡಿದ. ಕೈಮುಗಿದ ಊರೆಲ್ಲ ಅವನನ್ನೇ ದುರುಗುಟ್ಟಿ ನೋಡುತ್ತಿತ್ತು. ಸೀಟಿ ಜೇಬಿಗೆ ಹೋಯಿತು. ಪಾದ್ರಿ ತಮ್ಮ ಗಡಿಯಾರ ತೆಗೆದು ನೋಡಿದರು. ಪ್ರಾರ್ಥನೆಗೆ ಇನ್ನೂ ಅರ್ಧ ಗಂಟೆಯಿತ್ತು. ಸದ್ದಿಲ್ಲದೆ ಅದನ್ನು ನಿಲುವಂಗಿಯೊಳಗೆ ಸೇರಿಸಿದರು.

ರಾತ್ರಿ ಬಟಾಣಿ ಸೂಪ್ ಹೀರುತ್ತಾ ಒನೆಸಿಮ್ ಕೇಳಿದ: "ಬೇಗ ಯಾಕೇ ಹೊಡ್ದೆ?"

"ನೀನ್ ಬೀಳೋದು ನೋಡಕ್ಕಾಗ್ದೆ ಕಣ್ ಮುಚ್ಕೊಂಡೆ. ಕೈಗೆ ಹಗ್ಗ ಸಿಕ್ತು."

ಅಲ್ಲಿಂದ ಹಲವು ಚಳಿಗಾಲ ಊರಿನ ಪ್ರಾರ್ಥನೆಗೆ ಹೊತ್ತುಗೊತ್ತು ಇರಲಿಲ್ಲ. ಇಷ್ಟು ಭಕ್ತಿಯ ಊರು ಇನ್ನೊಂದಿಲ್ಲವೆಂದು ಬಿಷಪ್ಪರು ಹೊಗಳಿದರಂತೆ.

ಕೊನೆಗೆ ನಿಯಮವೇ ಬದಲಾಯಿತು. ಗೋಲಿ ಮಂಡಿಯೂರಬಹುದು, ಬೇಕಾದರೆ ಮಲಗಲೂಬಹುದು. ಇನ್ನು ತನ್ನ ಕೆಲಸವಿಲ್ಲವೆಂದು ಫಿಲೊಮೆನ್ ಗೋಪುರದಲ್ಲಿ ಕಾಲುಚೀಲ ಹೆಣೆಯುತ್ತಾ ಕೂತಳು. ಬಿಲ್ಲೆ ಬಂತು. ಒನೆಸಿಮ್ ನೆಟ್ಟಗೆ ನಿಂತು ಗೋಪುರದತ್ತಲೇ ನೋಡುತ್ತಿದ್ದ. ಬಿಲ್ಲೆ ಅವನ ಕಾಲ ನಡುವೆಯೇ ತೂರಿಹೋಯಿತು.

"ಬಗ್ಗೋಕೇನೋ ಆಗಿತ್ತು ನಿಂಗೆ?" ಎಂದು ಟೆಲೆಸ್ಫೋರ್ ಅರಚಿದ.

"ಗಂಟೆ ಹೊಡೀಲಿಲ್ವಲ್ಲೋ!"

ಮುಂದಿನ ಪಂದ್ಯಕ್ಕೆ ಭಾವಮೈದ ನಿಂತ. ಒನೆಸಿಮ್ ಗೋಪುರ ಹತ್ತಿ ಹೆಂಡತಿಯ ಪಕ್ಕ ಕೂತ. ಬಿಲ್ಲೆ ಗೋಲಿನ ಹತ್ತಿರ ಬಂದಾಗ ನೋಡಲಾಗದೆ ಕಣ್ಣು ಮುಚ್ಚಿಕೊಂಡ. ಕೈಗೆ ಹಗ್ಗ ಸಿಕ್ಕಿತು.