ಕಲ್ಲು ಕಡಲಿಗೆ ಹೋದದ್ದು, ಬಾವಿ ಕೋರ್ಟಿಗೆ ಬಂದದ್ದು

ಅರವತ್ತರ ದಶಕದಲ್ಲಿ ಕುಂದಾಪುರದ ಕೋರ್ಟಿನಲ್ಲಿ, ಕಕ್ಷಿಗಾರರಿಲ್ಲದ ಕಿರಿಯ ವಕೀಲರನ್ನು ಆಗಾಗ ಕಮಿಷನರ್ ಮಾಡಿ ಗೌರವಿಸುವ ಪದ್ಧತಿ ಇತ್ತು. ಗಡಿ ತಕರಾರಿನ ದಾವೆ ಬಂದರೆ ಸರ್ವೆಯರನ್ನು ಕರೆದುಕೊಂಡು ಸ್ಥಳಕ್ಕೆ ಹೋಗಿ, ಅಳೆಸಿ, ನಕ್ಷೆ ಸಮೇತ ವರದಿ ಕೊಡುವುದು ಈ ಕಮಿಷನರನ ಕೆಲಸ. ಪದವಿಯ ಹೆಸರು ಕೇಳಿ ನನ್ನ ತಾಯಿ ದೇವರಿಗೆ ತುಪ್ಪದ ದೀಪ ಹಚ್ಚಿದರು. ಅದು ಸಂಜೆಗೆ ಮುಗಿಯುವ ಪದವಿ ಎಂದು ಹೇಳಿ ತುಪ್ಪವನ್ನು ಅವಮಾನಿಸಲು ನನಗೆ ಮನಸ್ಸಾಗಲಿಲ್ಲ.

ಹೊರಡುವಾಗ ನನ್ನ ಹಿರಿಯ ವಕೀಲರು ನ್ಯಾಯಶಾಸ್ತ್ರದ ಸಾರವನ್ನು ಬೋಧಿಸಿದರು: "ಒಂದ್ ಬದಿಯಂಗೆ ಬೆಲ್ಲ ನೀರ್ ಕುಡ್ರೆ ಇನ್ನೊಂದ್ ಬದಿಯಂಗೂ ಕುಡಿ ಮಾರಾಯಾ. ಇಲ್ದಿರೆ ನಾಳೆ ಆಕ್ಷೇಪಣೆ ಹಾಕ್ತ್ರ್."

ಸರ್ವೆಯರೂ ನಾನೂ ಹೊಳೆ ದಾಟಿ ಗಂಗೊಳ್ಳಿಗೆ ಹೋದೆವು. ದಾವೆ ಹಾಕಿದವಳು ಮೀನು ಮಾರುವ ಒಬ್ಬ ವಿಧವೆ. ಪ್ರತಿವಾದಿ ಪಕ್ಕದ ತೆಂಗಿನ ಹಿತ್ತಲಿನ ಯಜಮಾನ. ಇಬ್ಬರ ನಡುವೆ ಒಂದು ಬಾವಿ. ಮದುವೆಯಾಗಿ ಬಂದಂದಿನಿಂದ ಅವಳು ಅದರ ನೀರನ್ನೇ ಸೇದಿದ್ದಳು. ಒಂದು ದಿನ ಯಾವುದೋ ಮಾತಿಗೆ ಮಾತು ಬೆಳೆದು, ಬಾವಿ ತನ್ನ ಮಾವನ ಕಾಲದಿಂದ ತಮ್ಮದೇ ಎಂದುಬಿಟ್ಟಳು. ಮರುದಿನ ಯಜಮಾನರು ಬಾವಿಯ ಸುತ್ತ ಮುಳ್ಳಿನ ಬೇಲಿ ಹಾಕಿದರು.

ಮೊದಲು ಪ್ರತಿವಾದಿಯ ಜಗಲಿಯಲ್ಲಿ ಬೆಲ್ಲ ನೀರು ಕುಡಿದೆ. ಸೊಗಸಾಗಿತ್ತು. ನಿಷ್ಪಕ್ಷಪಾತಿಯಾಗಿ ಅವಳ ಜಗಲಿಗೂ ಹೋಗಿ ಕುಡಿದೆ. ಬೆಲ್ಲದ ಅಡಿಯಿಂದ ಉಪ್ಪು ಎದ್ದು ಬಂತು.

"ಎಂತ ವಕೀಲ್ರೆ, ಮುಖ ಹಿಂಡ್ತ್ರಿ?" ಎಂದಳು. "ಬೇಲಿ ಹಾಕದ್ ಮೇಲೆ ನಮ್ಗೆ ಹೊಳೆಬದಿ ಹೊಂಡದ್ ನೀರೇ. ಮಕ್ಳ್ ಗಂಜಿ ಉಂಬೂಕ್ ಅಳ್ತೊ. ಅದನ್ನೂ ಬರ್ಕಣಿ."

ದಾವೆಯ ಇಡೀ ತಿರುಳು ನನ್ನ ನಾಲಿಗೆಯ ಮೇಲಿತ್ತು. ಆದರೆ ಕೋರ್ಟು ನನಗೆ ಅಧಿಕಾರ ಕೊಟ್ಟದ್ದು ನೆಲ ಅಳೆಯಲು; ನಾಲಿಗೆಯ ಪ್ರಸ್ತಾಪ ಆದೇಶದಲ್ಲಿ ಇರಲಿಲ್ಲ. ಬರೆದುಕೊಳ್ಳಲಿಲ್ಲ.

ಸರ್ವೆಯರು ಸರಪಳಿ ಬಿಚ್ಚಿ ಮೂಲೆಯ ಗಡಿಕಲ್ಲನ್ನು ಹುಡುಕಿದರು. ಜಿಲ್ಲೆ ಮದ್ರಾಸಿಗೆ ಸೇರಿದ್ದ ಕಾಲದಲ್ಲಿ ನೆಟ್ಟ ಕಲ್ಲು ಅದು. ನಾವು ಮೈಸೂರು ರಾಜ್ಯಕ್ಕೆ ಸೇರಿದರೂ ತಾನು ಅಲುಗಬಾರದೆಂದೇ ನೆಟ್ಟದ್ದು. ಈಗ ಅಲ್ಲಿ ಒಂದು ಗುಂಡಿ, ಗುಂಡಿಯಲ್ಲಿ ಒಂದು ಏಡಿ.

"ಕಲ್ಲನ್ನ ಇವ್ರೇ ನುಂಗಿದ್ರ್" ಎಂದರು ಪ್ರತಿವಾದಿ.

"ನುಂಗುಕೆ ಅದೆಂತ ಬಂಗಡೆಯಾ?" ಎಂದಳು ಅವಳು, ಎಳ್ಳಷ್ಟೂ ಅಳುಕದೆ. "ನಮ್ಮನಿಯವ್ರ್ ದೋಣಿಗೆ ಲಂಗರ್ ಮಾಡಿದ್ರ್. ಗಟ್ಟಿ ಕಲ್ಲ್. ಈಗ್ಲೂ ಮೈದುನನ್ ದೋಣಿಯಂಗೆ ಇತ್ತ್. ಬತ್ತ್, ಕೂಕಣಿ."

ಹೀಗೆ ಸರ್ಕಾರದ ಸ್ಥಿರ ಬಿಂದು ವರ್ಷಗಟ್ಟಲೆ ಬಂಗುಡೆ ಮೀನಿನ ಹಿಂದೆ ಸಮುದ್ರ ಸುತ್ತಿತ್ತು. ಕಮಿಷನ್ ಕಲಾಪವನ್ನು ದೋಣಿ ದಡಕ್ಕೆ ಬರುವವರೆಗೆ ಮುಂದೂಡಿದೆ. ಅಂಥ ಆದೇಶ ನನಗಿಂತ ಮೊದಲು ಯಾರಾದರೂ ಮಾಡಿದ್ದರೋ ತಿಳಿಯದು. ಸಂಜೆ ಮೈದುನ ಕಲ್ಲನ್ನು ಹೊತ್ತು ತಂದ. ಮೈಯೆಲ್ಲ ಚಿಪ್ಪು ಅಂಟಿಕೊಂಡಿದ್ದರೂ ತಲೆಯ ಮೇಲಿನ ಸರ್ವೆ ಗುರುತು ಮಾಸಿರಲಿಲ್ಲ. ಸರ್ವೆಯರು ಉಳಿದ ಮೂಲೆಗಳಿಂದ ಅಳೆದು ಅದರ ಜಾಗ ಗೊತ್ತುಮಾಡಿ ನೆಡಿಸಿದರು, ಗೆರೆ ಎಳೆದರು. ಬಾವಿ ಪೂರ್ತಿಯಾಗಿ ಪ್ರತಿವಾದಿಯ ಹಿತ್ತಲಿಗೆ ಸೇರಿತು.

ಗೆದ್ದವರಿಗೆ ತಟ್ಟನೆ ಔದಾರ್ಯ ಬಂತು. "ಈಗ ಗೊತ್ತಾಯ್ತಲ್ದಾ ಬಾವಿ ಯಾರದ್ದ್ ಅಂದ್? ಇನ್ ಕೊಡಪಾನ ತಕಂಡ್ ಬಾ. ನೀರ್ ಬ್ಯಾಡ ಅಂದ್ ನಾನ್ ಹೇಳಿದ್ನಾ?"

"ಹೇಳ್ಲಿಲ್ಯಾ? ಹಾಂಗಾರೆ ಮುಳ್ಳ್ ಹಾಕದ್ದ್ ನಿಮ್ಮ್ ಮನಿ ಭೂತವಾ?" ಅವಳು ಕೂತಲ್ಲಿಂದ ಏಳಲಿಲ್ಲ. "ನಾಳೆ ಮತ್ತ್ ಸಿಟ್ಟ್ ಬಂದ್ರೆ ಮತ್ತ್ ಮುಳ್ಳ್. ಧರ್ಮದ್ ನೀರ್ ನಂಗ್ ಬ್ಯಾಡ. ಬರ್ದ್ ಕೊಡಿ."

ಅನುಮತಿ ಬೇರೆ, ಹಕ್ಕು ಬೇರೆ ಎಂಬ ಕಾನೂನು ನನಗಿಂತ ಅವಳಿಗೇ ಚೆನ್ನಾಗಿ ಗೊತ್ತಿತ್ತು. ನಾನು ವರದಿಯಲ್ಲಿ ಗೆರೆಯನ್ನು ಇದ್ದಂತೆ ಬರೆದೆ. ಮುಂದಿನ ವಾಯಿದೆಗೆ ಎರಡೂ ಕಡೆಯ ವಕೀಲರು ಕೂತು ರಾಜಿಪತ್ರ ಮಾಡಿದರು: ಬಾವಿ ಪ್ರತಿವಾದಿಯದ್ದು, ಅವಳಿಗೂ ಅವಳ ಸಂತತಿಗೂ ಅಡ್ಡಿಯಿಲ್ಲದೆ ನೀರು ಸೇದುವ ಹಕ್ಕು, ಬೇಲಿ ತೆಗೆಯತಕ್ಕದ್ದು. ಬಾವಿ ತನ್ನದೆಂದು ಬರೆದದ್ದನ್ನು ಅವರು ಮತ್ತೆ ಮತ್ತೆ ಓದಿಸಿ ಕೇಳಿದರು. ಅವಳು ತನ್ನ ಸಾಲನ್ನು ಒಂದೇ ಸಲ ಓದಿಸಿಕೊಂಡು ಹೆಬ್ಬೆಟ್ಟು ಒತ್ತಿದಳು.

ಆ ಮಳೆಗಾಲ ಕಳೆದು ಬೇರೆ ಕೆಲಸಕ್ಕೆ ಆ ದಾರಿಯಲ್ಲೇ ಹೋಗುತ್ತಿದ್ದೆ. ಕಲ್ಲು ನೆಟ್ಟಲ್ಲೇ ಇತ್ತು. ಅದರ ಮೇಲೆ ಯಾರೋ ಬಲೆ ಒಣಗಿಸಿದ್ದರು.

"ಹ್ವಾಯ್ ವಕೀಲ್ರೆ!" ಎಂದು ಕೂಗಿ ಅವಳು ಚೊಂಬು, ಬೆಲ್ಲ ತಂದಿಟ್ಟಳು. ನಾನು ಪಕ್ಕದ ಹಿತ್ತಲಿನ ಕಡೆ ನೋಡಿದೆ, ಅಲ್ಲೂ ಕುಡಿಯಬೇಕಲ್ಲ ಎಂಬ ಅಭ್ಯಾಸಬಲದಿಂದ.

"ಹೆದ್ರ್‌ಬೇಡಿ, ಕುಡಿನಿ. ಇದ್ ಬರ್ದ್ ಕೊಟ್ಟ್ ನೀರ್."

ಉಪ್ಪಿರಲಿಲ್ಲ. ಬೆಲ್ಲ ಮುಟ್ಟದೆ ಚೊಂಬು ಖಾಲಿ ಮಾಡಿದೆ.