ಇದ್ದಿಲಿನ ಗಡಿ

ಹೋದ ವಾರ ಪೈಪು ಹಾಕಲು ಓಣಿಯಲ್ಲಿ ಗುಂಡಿ ತೋಡುತ್ತಿದ್ದ ಆಳು ಹಾರೆ ನಿಲ್ಲಿಸಿ, "ಇಲ್ಯಾರೋ ಇದ್ಲು ಊತವ್ರೆ ಕಣಮ್ಮ, ಎಸೆದ್ಬುಡ್ಲಾ?" ಎಂದು ಕೇಳಿದ. ಒದ್ದೆ ಮಣ್ಣು ಮೆತ್ತಿದ ಕರಿ ಚೂರುಗಳು. ಒಂದನ್ನು ಅಂಗೈಗೆ ತೆಗೆದುಕೊಂಡೆ. ಮರಕ್ಕೆ ಹುಳು ಹಿಡಿಯುತ್ತೆ, ಇದ್ದಿಲು ಮಾತ್ರ ಮಣ್ಣಲ್ಲಿ ಕೊಳೆಯಲ್ಲ... ಪಕ್ಕದ ಮನೆಯ ದೊಡ್ಡವ್ವನ ಮಾತದು. ನಮ್ಮ ಮೇಲೆ ಕೇಸು ಹಾಕಿದ್ದ ದೊಡ್ಡವ್ವ.

ಎಪ್ಪತ್ತರ ದಶಕದ ಕೊನೆ. ಮೂಗೂರಿನ ಈ ಮನೆಗೆ ನಾನು ಹೊಸ ಸೊಸೆ. ನಮ್ಮ ಮನೆಗೂ ದೊಡ್ಡವ್ವನ ಮನೆಗೂ ನಡುವೆ ಈ ಓಣಿ. ಹಿತ್ತಲ ಬಾವಿಗೆ ಹೋಗಲು ನಮಗಿದ್ದದ್ದು ಇದೊಂದೇ ದಾರಿ. ಗಂಡ ಸತ್ತ ಮಗಳು ಮಕ್ಕಳನ್ನು ಕಟ್ಟಿಕೊಂಡು ತವರಿಗೆ ಬಂದಾಗ ದೊಡ್ಡವ್ವ, ಓಣಿ ತಮ್ಮದು, ಅಲ್ಲಿ ಮಗಳಿಗೊಂದು ಕೋಣೆ ಕಟ್ಟುತ್ತೇನೆ ಎಂದರು. ನಮ್ಮ ಗೋಡೆಯ ಬುಡದಲ್ಲಿದ್ದ ಕಲ್ಲೇ ಗಡಿ ಕಲ್ಲು ಎಂಬುದು ಅವರ ವಾದ. ಅದು ಯಾರೋ ಹಸು ಕಟ್ಟಲು ನೆಟ್ಟ ಕಲ್ಲು ಎಂಬುದು ಸ್ಕೂಲ್ ಮೇಷ್ಟ್ರಾಗಿದ್ದ ನಮ್ಮ ಮಾವನ ವಾದ. ಮಾತು ಬೆಳೆದು ನರಸೀಪುರದ ಕೋರ್ಟು ಸೇರಿತು.

ವಾಯಿದೆ ಇದ್ದ ದಿನ ವಾದಿಯೂ ಪ್ರತಿವಾದಿಯೂ ಒಂದೇ ಬಸ್ಸು ಹತ್ತುತ್ತಿದ್ದರು. ಮಾವ ಟವೆಲ್ ಹಾಕಿ ದೊಡ್ಡವ್ವನಿಗೂ ಸೀಟು ಹಿಡಿಯುತ್ತಿದ್ದರು. ಕೋರ್ಟಿನಲ್ಲಿ ಒಬ್ಬರ ಮುಖ ಒಬ್ಬರು ನೋಡದೆ ನಿಂತು, ವಾಯಿದೆ ಮುಂದಕ್ಕೆ ಹೋದ ಮೇಲೆ ಹೊರಗಿನ ಮರದಡಿ ದೊಡ್ಡವ್ವ ಕಟ್ಟಿ ತಂದ ರೊಟ್ಟಿ ತಿಂದು ಬರುತ್ತಿದ್ದರು. ಎಂಥ ಜಗಳವಪ್ಪಾ ಇದು ಎಂದು ನನಗೆ ಒಳಗೊಳಗೇ ನಗು.

ಕೊನೆಗೆ ಜಾಗ ನೋಡಿ ವರದಿ ಕೊಡಲು ಕೋರ್ಟು ಒಬ್ಬ ವಕೀಲರನ್ನು ಕಮಿಷನರ್ ಮಾಡಿ ಕಳಿಸಿತು. ಸರ್ವೆಯವರು ಟೇಪು ಹಿಡಿದರು. ಕಮಿಷನರು ಕಲ್ಲನ್ನು ಸುತ್ತಿ ನೋಡಿ, ಇದೇ ಗಡಿ ಎಂದು ಬರೆದುಕೊಳ್ಳತೊಡಗಿದರು. ಬಾಗಿಲಲ್ಲಿ ನಿಂತಿದ್ದ ನಾನು ಕೈಲಿದ್ದ ಖಾಲಿ ಕೊಡವನ್ನು ಕೆಳಗಿಟ್ಟೆ. ಬಾವಿಯ ದಾರಿ ಹೋಯಿತು.

ಆಗ ದೊಡ್ಡವ್ವ, "ಒಸಿ ತಡೀರಿ ಸಾ. ಕಲ್ಲು ಕೀಳ್ಸಿ, ಬುಡದಲ್ಲಿ ಇದ್ಲು ಇರ್ತದೆ. ಮೇಷ್ಟ್ರೂ ಕಣ್ಣಾರೆ ನೋಡ್ಲಿ," ಎಂದರು. ಗಡಿ ಕಲ್ಲು ನೆಡುವಾಗ ಅದರ ಬುಡಕ್ಕೆ ಇದ್ದಿಲು ಸುರಿಯುವುದು ನಮ್ಮ ಕಡೆಯ ಹಿರಿಯರ ಪದ್ಧತಿ. ಕಲ್ಲು ಕಿತ್ತರು. ಬರೀ ಮಣ್ಣು.

ದೊಡ್ಡವ್ವನ ಜೊತೆ ಬಂದಿದ್ದ ಅವರ ವಕೀಲರು ತಲೆ ಚಚ್ಚಿಕೊಳ್ಳುವುದೊಂದು ಬಾಕಿ. "ಕಲ್ಲಿತ್ತಲ್ಲ ಅಜ್ಜಿ, ಅದೇ ಸಾಕು. ಸುಮ್ನಿರಿ," ಎಂದರು.

ದೊಡ್ಡವ್ವ ಗುಂಡಿಯನ್ನೇ ನೋಡುತ್ತ ನಿಂತರು. ಆಮೇಲೆ ನಿಧಾನಕ್ಕೆ ನಡೆದು ತಮ್ಮದೇ ಗೋಡೆಯ ಪಕ್ಕ ಕಾಲಲ್ಲಿ ಜಾಗ ಮುಟ್ಟಿ ತೋರಿಸಿದರು. "ನಮ್ಮತ್ತೆ ಒಂದ್ಸಲ ಗಡಿ ಇಲ್ಲಿ ಅಂದಂಗಿತ್ತು. ಮುದುಕಿ ಮಾತು ಅಂತ ಬುಟ್ಟಿದ್ದೆ. ಅಗೀರಿ."

ಅಗೆದರು. ಮೊಣಕಾಲುದ್ದ ಹೋಗುವಷ್ಟರಲ್ಲಿ ಇದ್ದಿಲು ಸಿಕ್ಕಿತು.

ಮಗಳು ಹೊಸ್ತಿಲಲ್ಲಿ ಮಗುವನ್ನು ಸೊಂಟಕ್ಕೇರಿಸಿ ನಿಂತಿದ್ದಳು. ಅವಳ ಕೋಣೆ ಆ ಗುಂಡಿಯಲ್ಲೇ ಹೋಯಿತೆಂದು ಎಲ್ಲರಿಗೂ ಗೊತ್ತಾಯಿತು. ದೊಡ್ಡವ್ವ ಅತ್ತ ತಿರುಗಲಿಲ್ಲ. ಕಮಿಷನರ ಕಡೆ ನೋಡಿ, "ಬರ್ಕಳಿ ಸಾ. ಇದೇ ಗಡಿ," ಎಂದರು. ಇಷ್ಟು ವಯಸ್ಸಾದರೂ ಅಂಥ ಇನ್ನೊಬ್ಬರನ್ನು ನಾನು ನೋಡಿಲ್ಲ.

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಅಂತಾರೆ. ಗೆದ್ದ ನಮ್ಮ ಮಾವನಿಗೆ ಅವತ್ತು ಊಟ ಸೇರಲಿಲ್ಲ. ಸಂಜೆ ಹೋಗಿ, ಓಣಿಯಲ್ಲೇ ಕೋಣೆ ಕಟ್ಟಿಕೊಳ್ಳಿ, ನಾವು ಹಿಂದಿನ ಗೋಡೆಗೆ ಬಾಗಿಲು ಒಡೆಸಿಕೊಳ್ಳುತ್ತೇವೆ ಎಂದರು.

"ಬ್ಯಾಡಿ ಮೇಷ್ಟ್ರೇ. ನಂದು ಅಂತ ಕೇಳ್ದೆ, ನಂದಲ್ಲ ಅಂತ ಗೊತ್ತಾಯ್ತು. ಇನ್ನು ನೀವು ಕೊಟ್ರೂ ನಂದಾಗಾಕಿಲ್ಲ."

ಮಗಳ ಕೋಣೆ ಆಯಿತು, ದೊಡ್ಡವ್ವನ ಜಗಲಿಯ ಮೇಲೆ. ದಿನಾ ಸಂಜೆ ತಾವು ಕೂತು ಅಡಿಕೆ ಕುಟ್ಟುತ್ತಿದ್ದ ಜಗಲಿಗೆ ಗೋಡೆ ಎಬ್ಬಿಸಿಬಿಟ್ಟರು. ಅಲ್ಲಿಂದ ಸಾಯುವವರೆಗೂ ಕೂರುತ್ತಿದ್ದದ್ದು ನಮ್ಮ ಜಗಲಿಯಲ್ಲಿ, ಕಂಬಕ್ಕೆ ಒರಗಿ. ಮಾವನ ಹತ್ತಿರ ಹಳೇ ಕೇಸಿನ ಮಾತೆತ್ತಿ ತಮಾಷೆಯನ್ನೂ ಮಾಡುತ್ತಿದ್ದರು. ಅಗೆದ ಇದ್ದಿಲನ್ನು ಅಲ್ಲೇ ಮುಚ್ಚಿದ್ದರು. ಮೇಲೆ ಕಲ್ಲು ನೆಡುವ ಗೊಡವೆಗೆ ಯಾರೂ ಹೋಗಲಿಲ್ಲ, ಬೇಕಾಗಲೂ ಇಲ್ಲ...

ಆಳು ಇನ್ನೂ ಕಾಯುತ್ತಿದ್ದ. ಎಸೆಯಬೇಡ, ಇದ್ದ ಕಡೆಯೇ ಹಾಕಿ ಮುಚ್ಚು, ಪೈಪು ಬೇಕಾದರೆ ಸುತ್ತಿ ಹೋಗಲಿ ಎಂದೆ.

"ಯಾಕಮ್ಮ, ಆ ಮನೇನೂ ಈಗ ನೀವೇ ತಕಂಡಿದ್ದೀರಲ್ಲ?" ಎಂದ.

ನಿಜ. ದೊಡ್ಡವ್ವನ ಮೊಮ್ಮಕ್ಕಳು ಮೈಸೂರು ಸೇರಿದ ಮೇಲೆ ಆ ಮನೆಯನ್ನು ನಾವೇ ಕೊಂಡೆವು. ಓಣಿಯ ಆ ಕಡೆಯೂ ನಮ್ಮದೇ, ಈ ಕಡೆಯೂ ನಮ್ಮದೇ. ನಮ್ಮ ಮೇಲೆ ಕೇಸು ಹಾಕಲು ಈಗ ಅಲ್ಲಿ ಯಾರೂ ಇಲ್ಲ.