ಕ್ಯಾತ್ಸಂದ್ರದಲ್ಲಿ ಕೇಳಿದ ಹಾಡು

ಗುಬ್ಬಿಯಲ್ಲಿ ನಾಟಕದವರ ಹಾರ್ಮೋನಿಯಂ ರಿಪೇರಿ ಮಾಡುತ್ತಿದ್ದ ನೂರ್ ಅಹಮದ್ ಸಾಹೇಬರ ಮಗ ಖುರ್ಷಿದ್ ಪಾಷಾ. ರಿಪೇರಿಯಾದ ಪೆಟ್ಟಿಗೆಗಳನ್ನು ನುಡಿಸಿ ನೋಡುತ್ತಲೇ ಅವನ ಕೈ ಕುದುರಿತು. ಎಪ್ಪತ್ತೆರಡರಲ್ಲಿ ಮದ್ರಾಸಿಗೆ ಹೋದ. ಕನ್ನಡ ಸಿನಿಮಾ ಹಾಡುಗಳ ರೆಕಾರ್ಡಿಂಗು ಆಗ ಹೆಚ್ಚಾಗಿ ಅಲ್ಲೇ. ಒಬ್ಬ ಸಂಗೀತ ನಿರ್ದೇಶಕರ ಕೈಕೆಳಗೆ ಎಂಟು ವರ್ಷ ವಾದ್ಯದವರಿಗೆ ಸ್ವರ ಬರೆದುಕೊಟ್ಟ.

ಎಂಬತ್ತರಲ್ಲಿ ಅವನದೇ ಒಂದು ಸಿನಿಮಾ ಸಿಕ್ಕಿತು. ನಾಲ್ಕು ಹಾಡು ರೆಕಾರ್ಡಾದವು. ಶೂಟಿಂಗು ಅರ್ಧಕ್ಕೇ ನಿಂತಿತು. ಹೆಣ್ಣನ್ನು ಗಂಡನ ಮನೆಗೆ ಕಳಿಸುವ ಹಾಡೊಂದು ಮಾತ್ರ ಆಗಾಗ ರೇಡಿಯೋದಲ್ಲಿ ಬರುತ್ತಿತ್ತು. ಮತ್ತೆ ಯಾರೂ ಕರೆಯಲಿಲ್ಲ. ಊರಿನಲ್ಲೇ ಉಳಿದಿದ್ದ ಹೆಂಡತಿ ಮುನವ್ವರಾ ವಾಪಸು ಬರುವಂತೆ ಕಾಗದ ಬರೆದಳು. ಪಾಷಾ ಬಂದು ತುಮಕೂರಿನ ಶೆಟ್ಟಿಹಳ್ಳಿಯಲ್ಲಿ ಮನೆ ಮಾಡಿ ಹಾರ್ಮೋನಿಯಂ ಪಾಠ ಹೇಳತೊಡಗಿದ. ಸಿನಿಮಾ ಮಾತು ಬಂದರೆ ಎದ್ದು ಹೋಗುತ್ತಿದ್ದ.

ಮೂರು ವರ್ಷದ ಮೇಲೆ ಕ್ಯಾತ್ಸಂದ್ರದಲ್ಲಿ ಬಸ್ಸಿಗೆ ಕಾಯುತ್ತಿದ್ದಾಗ ಮದುವೆಮನೆಯೊಂದರ ಮುಂದೆ ಕುಣಿಗಲ್ಲಿನ ಬ್ಯಾಂಡು ಅದೇ ಹಾಡನ್ನು ನುಡಿಸುತ್ತಿತ್ತು. ಎರಡನೇ ಸಾಲಿನ ಕೊನೆಯ ಸ್ವರವನ್ನು ಕ್ಲಾರಿನೆಟ್ಟಿನವನು ಬಿಡದೆ ಎಳೆದ. ಹಾಡು ಮುಗಿದ ಮೇಲೆ ಪಾಷಾ ಅವನ ಬಳಿಗೆ ಹೋಗಿ, ಅಷ್ಟೊಂದು ಎಳೆಯಬಾರದಲ್ಲವೇ ಎಂದು ಕೇಳಿದ.

“ಯಾರೋ ಮದ್ರಾಸ್‌ನೋರು ಕಟ್ಟವ್ರೆ ಸಾಹೇಬ್ರೆ,” ಎಂದ ಕ್ಲಾರಿನೆಟ್ಟಿನ ಅಡವಿಯಪ್ಪ. “ಅವ್ರು ಬೇಗ ಬುಟ್ಬುಟ್ರು. ಹೆಣ್ಣು ತಿರುಗಿ ನೋಡೋದು ಅಲ್ಲೇ ಕಣ್ರೀ. ಅವಳಿಗೂ ಒಸಿ ಟೈಮ್ ಬೇಕಲ್ವಾ?”

ಪಾಷಾ ತಾನು ಯಾರೆಂದು ಹೇಳಲಿಲ್ಲ. ಅಡವಿಯಪ್ಪ ಎಳೆದದ್ದೇ ಸರಿ ಅನ್ನಿಸಿ, ಬಸ್ಸಿನುದ್ದಕ್ಕೂ ಹಾಗೇ ಗುನುಗುತ್ತಾ ಬಂದ.

ಎಂಬತ್ತಾರರಲ್ಲಿ ಬೆಂಗಳೂರಿನಿಂದ ಟೀವಿ ಧಾರಾವಾಹಿಯೊಂದರ ಕರೆ ಬಂತು. ಪಾಷಾ ಮೊದಲು ಹೋದದ್ದು ಕುಣಿಗಲ್ಲಿಗೆ. ಬರೆದ ಸ್ವರ ಓದಲು ಬಾರದ ಅಡವಿಯಪ್ಪನನ್ನು ಸ್ಟುಡಿಯೋದಲ್ಲಿ ಮೈಕಿನ ಮುಂದೆ ನಿಲ್ಲಿಸಿ, ಹಾಡಿ ತೋರಿಸಿ, ಅವನಿಂದಲೇ ಶೀರ್ಷಿಕೆ ಸಂಗೀತ ನುಡಿಸಿಸಿದ. ನಡುವೆ ಧಾರಾವಾಹಿಯ ನಿರ್ದೇಶಕರು ಪಾಷಾ ಕಟ್ಟಿದ ಆ ಹಳೆಯ ಹಾಡನ್ನು ಹೊಗಳಿದಾಗ ಅಡವಿಯಪ್ಪ ಕ್ಲಾರಿನೆಟ್ಟು ಇಳಿಸಿ ಪಾಷಾನ ಮುಖ ನೋಡಿದ.

“ಅವತ್ತೇ ಹೇಳ್ಬಾರ್ದಾಗಿತ್ತಾ?”

“ಹೇಳಿದ್ರೆ ನೀವು ನಾನ್ ಹೇಳ್ದಂಗೇ ಊದ್ತಿದ್ರಿ.”

ಅಡವಿಯಪ್ಪ ತಲೆ ತಗ್ಗಿಸಿ ನಕ್ಕ.

ಧಾರಾವಾಹಿ ಹದಿಮೂರು ವಾರ ಬಂತು. ಮೊದಲ ಸಂಜೆ ಅಡವಿಯಪ್ಪ ಬ್ಯಾಂಡಿನ ಕೆಂಪು ಕೋಟು ತೊಟ್ಟು ಶೆಟ್ಟಿಹಳ್ಳಿಗೆ ಬಂದಿದ್ದ. ಪಕ್ಕದ ಮನೆಯ ಟೀವಿ ಮುಂದೆ ಓಣಿಯೇ ಚಾಪೆ ಹಾಸಿ ಕೂತಿತ್ತು. ತೆರೆಯ ಮೇಲೆ ಖುರ್ಷಿದ್ ಪಾಷಾ ಎಂಬ ಹೆಸರು ಬಂದಾಗ ಮುನವ್ವರಾ ಸೆರಗಿನಿಂದ ಕಣ್ಣೊತ್ತಿಕೊಂಡಳು. ಅದರ ಕೆಳಗೇ ತನ್ನ ಹೆಸರೂ ಇರುವುದನ್ನು ಅಡವಿಯಪ್ಪ ಓದಿ ಮುಗಿಸುವಷ್ಟರಲ್ಲಿ ಅದು ಹೋಗಿಬಿಟ್ಟಿತು. ಪೂರ್ತಿ ಓದಲೆಂದು ಮುಂದಿನ ವಾರವೂ ಬಸ್ಸು ಹತ್ತಿ ಬಂದ.